ಏಕಾದಶಿಯ ಅನಾನಸು

ಗೆಳತಿಯರೇ, ಇವತ್ತಿನ ಏಕಾದಶಿಯಲ್ಲಿ ಗೆದ್ದವಳು ನಾನು.

ಅಣ್ಣ ಶಿವಮೊಗ್ಗದಿಂದ ತಂದುಕೊಟ್ಟ ಓಟ್ಸ್ ಡಬ್ಬಿಯನ್ನು ಕೊನೆಗೂ ತೆರೆದೆ. ಪಾತ್ರೆಯಲ್ಲಿ ಅನಾನಸಿನ ಹೋಳು ಹಾಸಿ, ತುಪ್ಪ ಬೆಲ್ಲ ಹಾಕಿ ಬೆರಳಲ್ಲಿ ಉಜ್ಜಿದ ಓಟ್ಸನ್ನು ಮೇಲೆ ಪುಡಿಪುಡಿಯಾಗಿ ಉದುರಿಸಿದೆ. ನಮ್ಮ ಸಾಗರದ ಊರಲ್ಲಿ ಯಾರ ಮನೆಯಲ್ಲಿದೆ ಓವನ್? ಒಲೆಯ ಕೆಂಡವನ್ನೇ ಮುಚ್ಚಳದ ಮೇಲೂ ಹರಡಿ ಬೇಯಿಸಿದೆ.

ಬೆಳಗಿನಿಂದ ಉಪವಾಸವಿದ್ದ ಅತ್ತೆ ಬಂದು ಮುಚ್ಚಳ ತೆಗೆಸಿದರು. ರೇಷನ್ ಅಂಗಡಿಯ ಅಮೆರಿಕದ ಗೋಧಿಯನ್ನೇ ಇನ್ನೂ ಒಪ್ಪದವರು ಅವರು.

“ಇದೆಂತದೇ, ದನಕ್ಕೆ ಹಾಕೂದಾ?”

“ಅಲ್ದ ಅತ್ತೆ, ಫಲಾಹಾರಕ್ಕೆ ಮಾಡಿದ್ದು.”

“ಅಕ್ಕಿ ಇದ್ದಾ?”

“ಇಲ್ಲೆ.”

“ನೀರು?”

“ಒಂದು ಹನಿನೂ ಇಲ್ಲೆ. ಬರೀ ತುಪ್ಪ.”

ನೀರಲ್ಲಿ ಬೆಂದ ಧಾನ್ಯವಾದರೆ ಮುಸುರೆ, ಉಪವಾಸದವರು ಮುಟ್ಟುವಂತಿಲ್ಲ. ಅತ್ತೆ ಯೋಚಿಸಿದರು. ಪರಿಮಳ ಮೂಗಿನ ಮುಂದೆಯೇ ಇತ್ತು.

“ಹಂಗಾದ್ರೆ ಅಡ್ಡಿಲ್ಲೆ,” ಎಂದು ಬಾಳೆಲೆಯ ತುಂಡು ಹಿಡಿದು ಕುಳಿತರು. ಎರಡನೇ ಸಲವೂ ಹಾಕಿಸಿಕೊಂಡರು.

ಅಷ್ಟರಲ್ಲಿ ರೇಡಿಯೋ ನಿಲ್ಲಿಸಿ ಮಾವ ಬಂದರು. “ಯಂಗೂ ಒಂಚೂರು ಹಾಕು.”

ಅತ್ತೆ ಪಾತ್ರೆಯನ್ನು ತಮ್ಮತ್ತ ಎಳೆದುಕೊಂಡರು. “ನಿಂಗಳ ಅನ್ನದ ಊಟ ಆತಲ. ಇದು ಉಪವಾಸ ಇದ್ದವಕ್ಕೆ.”

ಮಾವ, ಅವರ ಹಿಂದೆಯೇ ತಟ್ಟೆ ಹಿಡಿದು ಬಂದ ನನ್ನ ಯಜಮಾನರು, ಇಬ್ಬರೂ ಬಂದ ದಾರಿಯಲ್ಲೇ ಹಿಂದಿರುಗಿದರು.

ಸಂಜೆಗೆ ತೀರ್ಮಾನವಾಗಿದೆ. ಮುಂದಿನ ಏಕಾದಶಿಗೆ ಮನೆಯ ಗಂಡಸರೆಲ್ಲ ಉಪವಾಸವಂತೆ. ಇಷ್ಟೊಂದು ಭಕ್ತಿಯನ್ನು ಈ ಮನೆ ಹಿಂದೆಂದೂ ಕಂಡಿರಲಿಲ್ಲ. ನಾನು ದೊಡ್ಡ ಪಾತ್ರೆ ಹುಡುಕುತ್ತಿದ್ದೇನೆ.