ಬೀಗರ ಲೆಕ್ಕ ಮತ್ತು ನಮ್ಮ ಅಕ್ಕೋರು

ಮೊನ್ನೆ ಜಮಖಂಡಿ ಪೇಟೆಯಲ್ಲಿ ಅಂಗಡಿಯವನು ಕಾಟನ್ ಸೀರೆಯೊಂದರ ಘಡಿ ಬಿಚ್ಚಿದ. ಗಂಜಿಯ ವಾಸನೆ ಮೂಗಿಗೆ ಬಡಿದು, ಬಣ್ಣ ನೋಡುವುದನ್ನೇ ಮರೆತೆ. ನಮ್ಮ ಗಣಿತದ ಅಕ್ಕೋರು ತರಗತಿಗೆ ಬಂದರೆ ಇದೇ ವಾಸನೆ... ಸಾವಳಗಿಯಿಂದ ಬಸ್ಸಿನಲ್ಲಿ ನಿಂತೇ ಬಂದರೂ ನಮ್ಮೂರು ಬನಹಟ್ಟಿಯಲ್ಲಿ ಇಳಿಯುವಾಗ ಅವರ ಸೀರೆಯ ಒಂದು ನಿರಿಗೆಯೂ ಕೆಟ್ಟಿರುತ್ತಿರಲಿಲ್ಲ.

ಹತ್ತನೆಯ ತರಗತಿಯ ಪುಸ್ತಕದಲ್ಲೊಂದು ಲೆಕ್ಕವಿತ್ತು. ಇಷ್ಟು ಜನ ಚಹಾ ಕುಡಿಯುತ್ತಾರೆ, ಇಷ್ಟು ಜನ ಕಾಫಿ, ಇಷ್ಟು ಜನ ಎರಡನ್ನೂ. ಒಟ್ಟು ಜನ ಎಷ್ಟು? ಕಾಫಿ ಕುಡಿಯುವವರನ್ನೇ ಕಾಣದ ನಮಗೆ ಎರಡನ್ನೂ ಕುಡಿಯುವ ಆಸಾಮಿ ಎಲ್ಲಿ ಸಿಗಬೇಕು? ಕಣ್ಣು ಮುಚ್ಚಿ ಕೂಡಿಸಿಬಿಡುತ್ತಿದ್ದೆವು. ಅಕ್ಕೋರು ಬೈಯಲಿಲ್ಲ. ಕೈಯ ಎರಡು ಬಳೆ ಕಳಚಿ, ಒಂದರ ಮೇಲೆ ಇನ್ನೊಂದು ಅರ್ಧ ಬರುವಂತೆ ಮೇಜಿನ ಮೇಲಿಟ್ಟರು. ನಡುವೆ ಸಿಕ್ಕಿಕೊಂಡವರನ್ನು ಎರಡು ಸಲ ಎಣಿಸಿದ್ದೀರಿ, ಒಂದು ಸಲ ಕಳೆಯಿರಿ ಎಂದರು.

ಅದೇ ವರ್ಷ ನನ್ನ ಅಕ್ಕನ ಮದುವೆ ಗೊತ್ತಾಯಿತು. ವರ ಬೇರೆ ಯಾರೂ ಅಲ್ಲ, ಚಿಮ್ಮಡಕ್ಕೆ ಕೊಟ್ಟ ನಮ್ಮ ಸೋದರತ್ತೆಯ ಮಗ. ನೇಕಾರನಾದ ಅಪ್ಪನಿಗೆ ಒಂದೇ ಹಟ, ಎರಡೂ ಕಡೆಯ ಹೆಂಗಸರಿಗೆ ಮದುವೆಯ ಉಡುಗೊರೆ ಆಹೇರಿಯಾಗಿ ನಮ್ಮ ಮಗ್ಗದ ಸೀರೆಯನ್ನೇ ಕೊಡಬೇಕು. ನಮ್ಮ ಕಡೆ ನಲವತ್ತು, ಅತ್ತೆಯ ಕಡೆ ಮೂವತ್ತೈದು, ಎಪ್ಪತ್ತೈದು ಸೀರೆ. ಇದ್ದದ್ದು ಎರಡೇ ಕೈಮಗ್ಗ. ಕಂಡಿಕೆ ಎಂಬ ಸಣ್ಣ ಕೊಳವೆಗಳಿಗೆ ನೂಲು ಸುತ್ತಲು ಇನ್ನೊಂದು ಕೈ ಬೇಕಿತ್ತು, ನನ್ನನ್ನು ಶಾಲೆ ಬಿಡಿಸಿ ಕೂರಿಸಿದರು. ಪರೀಕ್ಷೆ ಮುಂದಿನ ವರ್ಷ ಕಟ್ಟಿದರಾಯಿತು ಎಂದ ಅಪ್ಪ. ನಮ್ಮ ಓಣಿಯಲ್ಲಿ ಹಾಗೆ ಬಿಟ್ಟ ಯಾವ ಹುಡುಗಿಯೂ ಮರುವರ್ಷ ಪರೀಕ್ಷೆ ಕಟ್ಟಿರಲಿಲ್ಲ.

ಗೆಳತಿಯರಿಂದ ಸುದ್ದಿ ತಿಳಿದ ಅಕ್ಕೋರು ಮನೆಗೇ ಬಂದರು. ಮದುವೆಯ ಮಾತಿಗೆಂದು ಅತ್ತೆಯೂ ಅವತ್ತು ಬಂದಿದ್ದಳು. ಅಪ್ಪ ಮಗ್ಗದಿಂದ ಎದ್ದು ಕೈಮುಗಿದು, ಸೀರೆಗಳ ಲೆಕ್ಕ ಹೇಳಿ ತನ್ನ ಅಡಚಣೆ ತೋಡಿಕೊಂಡ. ಅಕ್ಕೋರು ನನ್ನ ಪಕ್ಕದಲ್ಲಿ ನೆಲಕ್ಕೇ ಕೂತರು.

"ನಿಮ್ಮಪ್ಪನ ಲೆಕ್ಕದಾಗ ತಪ್ಪೈತೇನ ನೋಡವಾ. ನಾ ಹೇಳಂಗಿಲ್ಲ, ನೀನ ಹೇಳಬೇಕು."

ಅಪ್ಪನಿಗೆ ಎದುರಾಡಿ ಗೊತ್ತಿರಲಿಲ್ಲ. ಕೊನೆಗೆ ನೂಲಿನಿಂದ ನೆಲದ ಮೇಲೆ ಎರಡು ಉಂಗುರ ಹಾಕಿದೆ, ನಡುವೆ ಒಂದಿಷ್ಟು ಕೂಡುವಂತೆ. ಅಪ್ಪ ಒಬ್ಬೊಬ್ಬರ ಹೆಸರು ಹೇಳಿದಂತೆ ಒಂದೊಂದು ಖಾಲಿ ಕಂಡಿಕೆ ಇಡುತ್ತ ಹೋದೆ. ಅತ್ತೆ ಹುಟ್ಟಿದ್ದು ನಮ್ಮ ಮನೆ, ಕೊಟ್ಟಿದ್ದು ಚಿಮ್ಮಡ. ಅವಳನ್ನು ನಡುವೆ ಇಟ್ಟೆ. ಅವಳ ಮೈದುನನಿಗೆ ಕೊಟ್ಟ ಚಿಕ್ಕಪ್ಪನ ಮಗಳೂ ನಡುವೆಯೇ. ಅಜ್ಜನ ಕಾಲದಿಂದ ಹೆಣ್ಣು ಕೊಟ್ಟು ತಂದ ಮನೆಗಳು, ನಡುವೆ ಇಪ್ಪತ್ತು ಕಂಡಿಕೆ ಸೇರಿಕೊಂಡವು.

"ಎಪ್ಪಾ, ಇವರನ್ನ ಎರಡ ಸಲ ಎಣಿಸಿದಿ. ಐವತ್ತೈದ ಸೀರಿ ಸಾಕು."

ಅಪ್ಪ ನಡುವಿನ ಕಂಡಿಕೆಗಳನ್ನು ತಾನೇ ಇನ್ನೊಮ್ಮೆ ಎಣಿಸಿ ಹೌದೆಂದ. ಅತ್ತೆ ಮಾತ್ರ ತಕರಾರು ತೆಗೆದಳು. ತವರಿನದೊಂದು, ಬೀಗತಿಯದೊಂದು, ತನಗೆ ಎರಡು ಸೀರೆ ಬರಲೇಬೇಕಂತೆ. ಅಪ್ಪ ನಕ್ಕು ಒಪ್ಪಿದ, ಐವತ್ತಾರಾಯಿತು. ಅಷ್ಟಕ್ಕೆ ಇದ್ದ ಕೈಗಳೇ ಸಾಕು, ನಾಳೆಯಿಂದ ಶಾಲೆಗೆ ಹೋಗು ಎಂದು ನನಗೆ ಹೇಳಿದ. ಆಮೇಲೆ ಎಷ್ಟೋ ದಿನ ಓಣಿಯಲ್ಲಿ ಸಿಕ್ಕಸಿಕ್ಕವರನ್ನು ನಿಲ್ಲಿಸಿ, ಮಗಳು ತನ್ನ ಲೆಕ್ಕ ತಿದ್ದಿದಳೆಂದು ಹೇಳಿಕೊಂಡ. ಪರೀಕ್ಷೆ ಬರೆದೆ, ಪಾಸಾದೆ. ಈಗ ಮುಧೋಳದಲ್ಲಿ ಗಣಿತ ಕಲಿಸುತ್ತೇನೆ.

ಅದನ್ನು ಅಕ್ಕೋರಿಗೆ ಹೇಳಬೇಕೆಂದು ಹೋದ ವರ್ಷ ಸಾವಳಗಿಗೆ ಹೋದೆ. ತಡವಾಗಿತ್ತು, ಅವರು ತೀರಿಹೋಗಿದ್ದರು. ಅವರ ತಂಗಿ ಕೂರಿಸಿ ಊರು ಕೇಳಿದರು. ಬನಹಟ್ಟಿ ಎಂದ ಕೂಡಲೇ ಅವರ ಮುಖ ಅರಳಿತು. ಬನಹಟ್ಟಿಯ ಹುಡುಗಿಯೊಬ್ಬಳು ಅಪ್ಪನ ಲೆಕ್ಕ ತಿದ್ದಿ ತನ್ನ ಪರೀಕ್ಷೆ ಉಳಿಸಿಕೊಂಡದ್ದನ್ನು ಅಕ್ಕೋರು ಪ್ರತಿ ವರ್ಷ ಮಕ್ಕಳಿಗೆ ಹೇಳುತ್ತಿದ್ದರಂತೆ. ಅವತ್ತು ಅಕ್ಕೋರು ಆ ಮನೆಗೆ ಹೋಗಿದ್ದನ್ನು ಹೇಳಿರಲಿಲ್ಲವೇ ಎಂದು ಕೇಳಿದೆ.

"ಇಲ್ಲವಾ, ನಮ್ಮಕ್ಕ ಎಲ್ಲಿ ಹೋಗಿದ್ಲು? ಹುಡುಗಿ ಒಬ್ಬಾಕಿನ ಮಾಡಿದ್ದಂತ."

ಆ ಹುಡುಗಿ ನಾನೇ ಎಂದೆ. ಅಕ್ಕೋರು ನನ್ನ ಪಕ್ಕದಲ್ಲೇ ಕೂತಿದ್ದರು ಎಂದು ಹೇಳುವಷ್ಟರಲ್ಲಿ ಅಳು ಬಂತು.