ಎಡಗೈಯ ಕುಚ್ಚು

ಕರಪತ್ರದಲ್ಲಿ ಅವಳ ಹೆಸರು ಬದಲಾಯಿಸಿದ್ದೆ, ಊರು ಬದಲಾಯಿಸಿದ್ದೆ, ಫೋಟೋ ಹಾಕಿರಲಿಲ್ಲ. ಇನ್ನೇನು ಬೇಕು ಎಂದುಕೊಂಡಿದ್ದವಳು ನಾನು.

ಹೆಂಡತಿಯನ್ನು ಹೊಡೆಯುವುದರ ವಿರುದ್ಧ ನಮ್ಮ ಮಹಿಳಾ ಸಂಘ ಕರಪತ್ರ ಹಂಚುತ್ತಿತ್ತು. ಬರೆಯುವ ಕೆಲಸ ನನ್ನದು. ಬೇಲೂರಿನ ಒಬ್ಬಳು ಎರಡು ದಿನ ಕೂತು ತನ್ನ ಕಥೆ ಹೇಳಿದಳು. ಬಾಣಾವರದ ಕಡೆಯ ಗಂಡ ಅವಳ ಬಲಗೈ ಮುರಿದಿದ್ದ. ಮೂಳೆ ಸರಿಯಾಗಿ ಕೂಡಿಕೊಳ್ಳಲೇ ಇಲ್ಲ. ತಪ್ಪಿಸಿಕೊಂಡು ಬೇಲೂರಿಗೆ ಬಂದು, ಸೀರೆ ಸೆರಗಿಗೆ ಕುಚ್ಚು ಕಟ್ಟಿ ಬದುಕುತ್ತಿದ್ದಳು.

"ನಾನೆಲ್ಲಿದೀನಿ ಅಂತ ಅವನಿಗೆ ಗೊತ್ತಾಗ್ಬಾರ್ದು, ಅಷ್ಟೇ ನೋಡಿ ಮೇಡಂ," ಎಂದಿದ್ದಳು. ನಾನು ಮಾತು ಕೊಟ್ಟಿದ್ದೆ.

ಬರೆದದ್ದು ಒಣಒಣ ಎನಿಸಿತು. ಕೊನೆಗೊಂದು ಸಾಲು ಸೇರಿಸಿದೆ: ‘ಮುರಿದ ಕೈಯ ಈಕೆ ಈಗ ಎಡಗೈಯಲ್ಲೇ ಕುಚ್ಚು ಕಟ್ಟುತ್ತಾಳೆ, ಹಲ್ಲಿನಿಂದ ಗಂಟು ಬಿಗಿಯುತ್ತಾಳೆ.’ ಸಂಘದವರು ಕಣ್ಣೊರೆಸಿಕೊಂಡರು. ನನಗೂ ಒಳಗೊಳಗೇ ಹೆಮ್ಮೆ, ಸುಳ್ಳೇಕೆ ಹೇಳಲಿ. ಅಚ್ಚಿಗೆ ಕೊಡುವ ಮುಂಚೆ ಅವಳಿಗೊಮ್ಮೆ ಓದಿ ಹೇಳಬೇಕೆಂದು ತೋಚಲೇ ಇಲ್ಲ.

ಹಳೇಬೀಡಿನ ಸಭೆಯಲ್ಲಿ ನಾನೇ ಮೈಕ್ ಹಿಡಿದು ಓದಿದೆ. ಮುಗಿಯುತ್ತಿದ್ದಂತೆ ಮುಂದಿನ ಸಾಲಿನ ಹೆಂಗಸೊಬ್ಬರು ತಮ್ಮ ಸೆರಗಿನ ತುದಿ ಎತ್ತಿ ತೋರಿಸಿದರು.

"ಅಯ್ಯೋ, ಇದು ಅವ್ಳೇ ಕಟ್ಟಿದ್ದು ಕಣ್ರೀ. ನನ್ ಮಗಳ ಮದುವೆ ಸೀರೆಗೂ ಅವ್ಳದೇ ಕುಚ್ಚು. ಬೇಲೂರಲ್ಲಿ ಎಡಗೈಯವಳು ಅಂದ್ರೆ ಯಾರಾದ್ರೂ ಮನೆ ತೋರಿಸ್ತಾರೆ."

"ಹೌದಾ? ಎಲ್ಲೈತೆ ಮನೆ?" ಎಂದು ಪಕ್ಕದವರು ಕೇಳಿ ತಿಳಿದುಕೊಂಡರು. ಯಾರಿಗೂ ಕೆಟ್ಟ ಮನಸ್ಸಿರಲಿಲ್ಲ.

ಮೈಕ್ ಯಾರು ಇಸಿದುಕೊಂಡರೋ ನೆನಪಿಲ್ಲ. ಅದೇ ಕರಪತ್ರವನ್ನು ಹಿಂದಿನ ವಾರ ಅರಸೀಕೆರೆ ಬಸ್‌ಸ್ಟ್ಯಾಂಡಿನಲ್ಲಿ, ಅವಳ ಗಂಡನ ಕಡೆಯ ಬಾಣಾವರದ ಬಸ್ಸುಗಳೊಳಗೆ ಹತ್ತಿ ಹತ್ತಿ ನಾನೇ ಹಂಚಿದ್ದೆ. ನಮ್ಮ ಕಡೆ ಹೆಸರು ಹಿಡಿದು ಯಾರನ್ನು ಯಾರು ಗುರುತಿಸುತ್ತಾರೆ? ಕಸುಬು, ಕೈಗುಣ, ಅದೇ ಗುರುತು. ಇಲ್ಲೇ ಹುಟ್ಟಿ ಬೆಳೆದವಳಿಗೆ ಅಷ್ಟೂ ಹೊಳೆಯಲಿಲ್ಲವಲ್ಲ, ನನ್ನ ಬುದ್ಧಿಗಿಷ್ಟು ಬೆಂಕಿ ಹಾಕ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುತ್ತಿದ್ದ ನಮ್ಮಜ್ಜಿ, ಮಾತನ್ನು ಅಚ್ಚು ಹಾಕಿಸಿ ಹಂಚುವ ಮೊಮ್ಮಗಳನ್ನು ನೋಡಿರಲಿಲ್ಲ.

ಸಿಕ್ಕಿದ ಬಸ್ ಹತ್ತಿ ಬೇಲೂರಿಗೆ ಹೋದೆ. ಕರಪತ್ರ ನನಗಿಂತ ಮುಂಚೆ ಅವಳ ಮನೆ ಸೇರಿತ್ತು. ಗಿರಾಕಿಯೊಬ್ಬರು ಮೆಚ್ಚಿಕೊಂಡು ತಂದುಕೊಟ್ಟಿದ್ದರಂತೆ. ಅವಳು ರೇಷ್ಮೆ ದಾರದ ಉಂಡೆಗಳನ್ನು ಚೀಲಕ್ಕೆ ತುಂಬುತ್ತಿದ್ದಳು. ತಪ್ಪಾಯಿತು ಎಂದೆ. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ.

"ಬೇರೆ ಊರಿಗೆ ಹೋಗ್ತೀನಿ ಬಿಡಿ," ಎಂದಳು. ಆಮೇಲೆ ತನ್ನ ಎಡಗೈಯನ್ನೇ ನೋಡಿಕೊಂಡಳು. "ಅಲ್ಲೂ ಇದೇ ಕೈಲಿ ಕಟ್ಬೇಕಲ್ಲ ಮೇಡಂ?"