ನಗುವಿಗೆ ಮೊದಲಿನ ಮುಖ

ಇಳಕಲ್ಲಿನ ಬಸ್ ಸ್ಟ್ಯಾಂಡಿನ ಎದುರು, ನನ್ನ ಸೀರೆ ಅಂಗಡಿಯ ಪಕ್ಕದ ಸ್ಟುಡಿಯೋದಲ್ಲಿ ದಾನೇಶ್ವರಿ ಮದುವೆ ವಿಡಿಯೋ ಎಡಿಟ್ ಮಾಡುತ್ತಾಳೆ. ಕ್ಯಾಮೆರಾದ ಶ್ರೀಶೈಲ ಪ್ರತಿ ಮದುಮಗಳಿಗೂ ಹೇಳುವುದು ಒಂದೇ ಮಾತು: “ಅಕ್ಕಾರ, ತಲಿ ಎತ್ರಿ, ಸ್ವಲ್ಪ ನಗ್ರಿ.” ಆಕೆ ತಲೆ ಎತ್ತಿ ನಗುತ್ತಾಳೆ. ದಾನೇಶ್ವರಿ ಆ ದನಿಯನ್ನೂ ಅದಕ್ಕೆ ಮೊದಲಿನ ಮುಖವನ್ನೂ ಕತ್ತರಿಸಿ, ನಗುವನ್ನಷ್ಟೇ ಉಳಿಸಿ, ಮೇಲೊಂದು ಹಾಡು ಹಾಕುತ್ತಾಳೆ.

ಕತ್ತರಿಸಿದ ಚೂರುಗಳನ್ನು ಮಾತ್ರ ಅವಳು ಅಳಿಸಲಿಲ್ಲ. ಬಿಡುವಾದಾಗ ಅವುಗಳಿಗೆ ಆಯಾ ನಗುವನ್ನೂ ಸೇರಿಸಿ ಒಂದಕ್ಕೊಂದು ಜೋಡಿಸಿದಳು. ಹಾಡಿಲ್ಲ, ಹೂವಿನ ಚೌಕಟ್ಟಿಲ್ಲ. ಒಂದು ಸಪ್ಪೆ ಮುಖ, ಶ್ರೀಶೈಲನ ದನಿ, ನಗು; ಇನ್ನೊಂದು ಮುಖ, ಅದೇ ದನಿ, ಅದೇ ನಗು. ನೋಡಿ ನನಗೆ ಸಿಟ್ಟೇ ಬಂತು. ಅರ್ಧದಷ್ಟು ಸೀರೆ ನಮ್ಮ ಅಂಗಡಿಯವೇ, ಅದು ಬೇರೆ ಮಾತು. ಇದೆಂಥ ಹುಚ್ಚು ಎಂದು ಕೇಳಿದೆ. ಹೇಳಿದರೂ ನಗದೆ ಕೂತವಳು ಒಬ್ಬಳಾದರೂ ಸಿಗಬೇಕು, ಅದಕ್ಕೇ ಹುಡುಕುತ್ತಿದ್ದೇನೆ ಎಂದಳು.

ಒಬ್ಬಳೂ ಸಿಗಲಿಲ್ಲ. ಉಳಿದದ್ದು ದಾನೇಶ್ವರಿ ಒಬ್ಬಳೇ. ಚಿತ್ರಕಲೆ ಕಲಿಯಲು ಬಾಗಲಕೋಟೆಗೆ ಹೋಗಬೇಕೆಂದಿದ್ದಾಗ ಅವಳ ಮದುವೆ ಗೊತ್ತಾಗಿತ್ತು. ಯಾರೂ ಗದರಲಿಲ್ಲ, ಅವಳೂ ಒಲ್ಲೆ ಅನ್ನಲಿಲ್ಲ. ಕ್ಯಾಮೆರಾ ಮುಂದೆ ಮಾತ್ರ ನಗಲಿಲ್ಲವಂತೆ. ಆ ನೆನಪೊಂದನ್ನು ಇಷ್ಟು ವರ್ಷ ಜೋಪಾನ ಮಾಡಿಕೊಂಡು ಬಂದಿದ್ದಳು, ಪಾಪ.

ಚೊಳಚಗುಡ್ಡದ ತವರಿನಿಂದ ಮದುವೆಯ ಸಿಡಿ ತಂದು ಹಾಕಿದಾಗ ನಾನೂ ಪಕ್ಕದಲ್ಲಿದ್ದೆ. ಹಾಡು ಶುರುವಾಯಿತು. ಪರದೆಯ ಮೇಲೆ ದಾನೇಶ್ವರಿ ಬಾಯ್ತುಂಬ ನಗುತ್ತಿದ್ದಳು. ಹಿಂದೆ ಮುಂದೆ ಎಷ್ಟು ಓಡಿಸಿದರೂ ನಗುವಿಗೆ ಮೊದಲಿನ ಮುಖ ಸಿಗಲಿಲ್ಲ. ಹಾಡು ತೆಗೆದು, ಆ ನಗುವನ್ನೂ ತಾನು ಜೋಡಿಸುತ್ತಿದ್ದ ವಿಡಿಯೋದ ಕೊನೆಗೆ ಸೇರಿಸಿದಳು.

ಶಾಲೆಯಲ್ಲಿ ಅವಳಿಗೆ ಚಿತ್ರ ಕಲಿಸಿದ್ದ ಬಾದಾಮಿಯ ಡ್ರಾಯಿಂಗ್ ಮಾಸ್ತರ ಗುರುರಾಜ ಆ ವಿಡಿಯೋವನ್ನು ಒಂದು ಕಲಾ ಪ್ರದರ್ಶನದಲ್ಲಿ ಗೋಡೆಯ ಮೇಲೆ ತೋರಿಸಿದರು. ಶ್ರೀಶೈಲನ ದನಿ ಬಂದಾಗಲೆಲ್ಲ ಮುಂದೆ ನಿಂತ ಹೆಂಗಸರು ಸೆರಗು ಸರಿಮಾಡಿಕೊಂಡು ತಾವೂ ನಗುತ್ತಿದ್ದರು. ಮುಗಿದ ಮೇಲೆ ಅವರಲ್ಲೊಬ್ಬಾಕೆ ಮೆಚ್ಚಿ ಹೇಳಿದಳು: “ಕಡೀ ಹುಡುಗಿ ಭಾಳ ಚಲೋ ನೋಡ್ರಿ. ಯಾರೂ ಹೇಳದನ ನಕ್ಕಾಳ.”

“ಆಕಿ ನಾನರಿ,” ಎಂದಳು ದಾನೇಶ್ವರಿ. “ಹೇಳಿದ್ದಕ್ಕ ನಕ್ಕೆನೋ, ಹೇಳದನ ನಕ್ಕೆನೋ, ನನಗೂ ಗೊತ್ತಿಲ್ಲ. ಅದಕ್ಕಿಂತ ಮೊದಲಿಂದು ನನ್ನಂಥಾಕಿ ಯಾರೋ ಕತ್ತರಿಸಿ ಒಗದಾರ.”

ಮರುದಿನ ಹುನಗುಂದದ ಮದುವೆಯೊಂದು ಎಡಿಟಿಗೆ ಬಂತು. ಶ್ರೀಶೈಲನ ದನಿ ತೆಗೆದಳು, ಹಾಡು ಹಾಕಿದಳು. ಮದುಮಗಳ ಸಪ್ಪೆ ಮುಖವನ್ನು ಮಾತ್ರ ಕತ್ತರಿಸದೆ ಹಾಗೇ ಬಿಟ್ಟಳು. ಮನೆಯವರು ಬೈದಾರು ಎಂದೆ.

“ಬೈಲಿ,” ಎಂದಳು. “ಮುಂದ ಯಾವಾಗರ ಆಕಿ ಹುಡುಕಿದ್ರ, ಸಿಗಲಿ.”